ಚಿತ್ರದಿಂದ ನಕ್ಷೆಗೆ: ಬನ್ಸಿ ಚಂದ್ರಗುಪ್ತ ಕಟ್ಟಿದ ಮನೆಗಳು

ಬನ್ಸಿ ಚಂದ್ರಗುಪ್ತ (1924–1981) ಸತ್ಯಜಿತ್ ರಾಯ್ ಅವರ ‘ಪಥೇರ್ ಪಾಂಚಾಲಿ’ಯಿಂದ ‘ಅರಣ್ಯೇರ್ ದಿನ್ ರಾತ್ರಿ’ವರೆಗಿನ ಚಿತ್ರಗಳ ಕಲಾ ನಿರ್ದೇಶಕರು. ಮೃಣಾಲ್ ಸೇನ್, ಶ್ಯಾಮ್ ಬೆನಗಲ್, ಕುಮಾರ್ ಶಹಾನಿ, ಅಪರ್ಣಾ ಸೇನ್ ಮೊದಲಾದವರ ಚಿತ್ರಗಳಿಗೂ ಅವರು ಮನೆ, ಅಂಗಳ, ಓಣಿಗಳನ್ನು ಕಟ್ಟಿಕೊಟ್ಟರು. ಅವರು ಈ ಕಸುಬಿಗೆ ಬಂದಾಗ ಸೆಟ್ಟು ಬಹುಮಟ್ಟಿಗೆ ನಟರ ಬೆನ್ನ ಹಿಂದಿನ ಚಿತ್ರವಾಗಿತ್ತು. ಅವರು ಬಿಟ್ಟುಹೋಗುವಾಗ ಅದು ನಟರು ಓಡಾಡುವ, ಬೆಳಕು ಒಳಹೊಕ್ಕು ಹೊರಬರುವ ಜಾಗವಾಗಿತ್ತು. ಈ ಬದಲಾವಣೆ ಅವರೊಬ್ಬರಿಂದಲೇ ಆದದ್ದಲ್ಲ. ಆದರೆ ಅದು ಹೇಗೆ ಆಯಿತೆಂದು ತಿಳಿಯಲು ಅವರ ವೃತ್ತಿಜೀವನಕ್ಕಿಂತ ಒಳ್ಳೆಯ ಉದಾಹರಣೆ ಸಿಗುವುದು ಕಷ್ಟ.

ಭಾರತೀಯ ಸಿನಿಮಾ ಹುಟ್ಟಿದ್ದು ರಂಗಭೂಮಿಯ ನೆರಳಲ್ಲಿ. ಪಾರ್ಸಿ ಕಂಪನಿಗಳ ನಾಟಕದಲ್ಲಿ ಅರಮನೆಯೂ ಕಾಡೂ ಬೀದಿಯೂ ಮೇಲಿನಿಂದ ಇಳಿಯುವ ಪರದೆಗಳಾಗಿದ್ದವು. ಕರ್ನಾಟಕದ ವೃತ್ತಿ ನಾಟಕ ಕಂಪನಿಗಳೂ ಸೀನರಿಯ ವೈಭವದಿಂದಲೇ ಜನರನ್ನು ಸೆಳೆಯುತ್ತಿದ್ದವು. ಗುಬ್ಬಿ ವೀರಣ್ಣನವರು ‘ಕುರುಕ್ಷೇತ್ರ’ ನಾಟಕಕ್ಕೆ ಆನೆ ಕುದುರೆಗಳನ್ನು ತಂದದ್ದು ಇದೇ ಅಭಿರುಚಿಯ ತುದಿ. ಮೊದಲ ಮೂಕಿಚಿತ್ರಗಳು ಈ ಪರದೆಗಳನ್ನೇ ಕ್ಯಾಮೆರಾದ ಮುಂದೆ ತೂಗುಹಾಕಿದವು. ಕಣ್ಣಿಗೆ ಒಪ್ಪುವ ಮೋಸ ಲೆನ್ಸಿಗೆ ಒಪ್ಪುವುದಿಲ್ಲ. ಗಾಳಿಗೆ ಅರಮನೆಯ ಕಂಬ ಅಲುಗಾಡಿದರೆ ರಂಗದ ಮುಂದಿನ ಪ್ರೇಕ್ಷಕ ಕ್ಷಮಿಸಿಯಾನು, ಪರದೆಯ ಮೇಲೆ ಅದನ್ನು ನಾಲ್ಕು ಪಟ್ಟು ದೊಡ್ಡದಾಗಿ ಕಂಡವನು ಕ್ಷಮಿಸುವುದಿಲ್ಲ.

ಪರದೆಯನ್ನು ಬಿಟ್ಟು ಮೂರು ಆಯಾಮದ ಸೆಟ್ಟಿಗೆ ಮೊದಲು ಹೊರಳಿದವರಲ್ಲಿ ಕೊಲ್ಹಾಪುರದ ಬಾಬೂರಾವ್ ಪೇಂಟರ್ ಮುಖ್ಯರು. ಹೆಸರೇ ಹೇಳುವಂತೆ ಅವರು ಚಿತ್ರ ಬರೆಯುವವರು, ನಾಟಕದ ಪರದೆ ಬರೆದೇ ಬೆಳೆದವರು. ಅವರ ಗರಡಿಯಲ್ಲಿ ಪಳಗಿದ ಫತ್ತೆಲಾಲ್, 1929ರಲ್ಲಿ ಶುರುವಾದ ಪ್ರಭಾತ್ ಕಂಪನಿಯ ಸೆಟ್ಟುಗಳಿಗೆ ಕಾರಣರಾದರು. ಮುಂಬೈಯಲ್ಲಿ 1934ರಲ್ಲಿ ಹಿಮಾಂಶು ರಾಯ್ ಕಟ್ಟಿದ ಬಾಂಬೆ ಟಾಕೀಸಿಗೆ ಜರ್ಮನಿಯ ಕಾರ್ಲ್ ಫಾನ್ ಸ್ಪ್ರೇಟಿ ಬಂದರು. ಮದರಾಸಿನಲ್ಲಿ ಎ.ಕೆ. ಶೇಖರ್ ‘ಚಂದ್ರಲೇಖಾ’ಕ್ಕೆ (1948) ಬೃಹತ್ ಸೆಟ್ಟುಗಳನ್ನು ನಿಲ್ಲಿಸಿದರು. ಇವರೆಲ್ಲರೂ ಸಮರ್ಥರೇ. ಆದರೆ ಸ್ಟುಡಿಯೋಗಳ ದಿನನಿತ್ಯದ ರೂಢಿ ಬೇರೆಯೇ ಇತ್ತು. ಒಂದೇ ಗೋಡೆಗೆ ಬಣ್ಣ ಬದಲಿಸಿ ಹತ್ತು ಚಿತ್ರಕ್ಕೆ ಬಳಸುವುದು, ಎಲ್ಲ ಕೋಣೆಗಳನ್ನೂ ನಾಟಕದ ವೇದಿಕೆಯಂತೆ ಒಂದು ಕಡೆ ತೆರೆದಿಡುವುದು, ಬಡವನ ಮನೆಯ ಗೋಡೆಗೂ ಹೊಸ ಸುಣ್ಣ ಹೊಡೆಯುವುದು ನಡೆದೇ ಇತ್ತು.

ಹಾಲಿವುಡ್ಡಿನಲ್ಲಿ ಈ ಕಸುಬಿಗೆ ಆಗಷ್ಟೇ ಹೊಸ ಹೆಸರು ಬಂದಿತ್ತು. ‘ಗಾನ್ ವಿತ್ ದ ವಿಂಡ್’ (1939) ಚಿತ್ರದಲ್ಲಿ ವಿಲಿಯಂ ಕ್ಯಾಮೆರಾನ್ ಮೆಂಜೀಸ್ ಸೆಟ್ಟಿನ ಜೊತೆಗೆ ಬಣ್ಣ, ಚೌಕಟ್ಟು, ದೃಶ್ಯಗಳ ಒಟ್ಟು ನೋಟವನ್ನು ಮೊದಲೇ ಬರೆದು ತೋರಿಸಿದ್ದರು. ನಿರ್ಮಾಪಕ ಡೇವಿಡ್ ಸೆಲ್ಜ್‌ನಿಕ್ ಅದಕ್ಕಾಗಿ ಅವರಿಗೆ ‘ಪ್ರೊಡಕ್ಷನ್ ಡಿಸೈನರ್’ ಎಂಬ ಪಟ್ಟ ಕೊಟ್ಟರು. ಭಾರತದಲ್ಲಿ ಆ ಪದ ರೂಢಿಗೆ ಬರಲು ಇನ್ನೂ ಹಲವು ದಶಕ ಬೇಕಾಯಿತು. ಬನ್ಸಿ ತಮ್ಮ ಬದುಕಿಡೀ ಆರ್ಟ್ ಡೈರೆಕ್ಟರ್ ಎಂದೇ ಕರೆಸಿಕೊಂಡರು, ಮಾಡಿದ್ದು ಮಾತ್ರ ಪ್ರೊಡಕ್ಷನ್ ಡಿಸೈನರನ ಕೆಲಸ.

ಬನ್ಸಿ ಹುಟ್ಟಿದ್ದು ಈಗ ಪಾಕಿಸ್ತಾನದಲ್ಲಿರುವ ಸಿಯಾಲ್‌ಕೋಟಿನಲ್ಲಿ, ಬೆಳೆದದ್ದು ಕಾಶ್ಮೀರದ ಶ್ರೀನಗರದಲ್ಲಿ. ಅವರಿಗೆ ಚಿತ್ರಕಾರನಾಗುವ ಆಸೆಯಿತ್ತು. ಠಾಕೂರ್ ಮನೆತನದ ಚಿತ್ರಕಾರ ಸುಭೋ ಠಾಕೂರರ ಪರಿಚಯವೇ ಅವರನ್ನು ಕಲ್ಕತ್ತದತ್ತ ಎಳೆಯಿತು. ಬಂಗಾಳ ಕ್ಷಾಮ, ಯುದ್ಧ, ವಿಭಜನೆಗಳ ನಡುವಿನ 1940ರ ದಶಕದ ಕಲ್ಕತ್ತ ಅದು. ಅಲ್ಲಿ ಹೊಸ ಚಿತ್ರಕಲೆಯ ಗುಂಪುಗಳು ಹುಟ್ಟುತ್ತಿದ್ದವು. ಬನ್ಸಿ ಹೊಟ್ಟೆಪಾಡಿಗೆ ಹಿಡಿದದ್ದು ಆ ನಗರದ ಚಿತ್ರೋದ್ಯಮದ ನೆಲೆಯಾದ ಟಾಲಿಗಂಜಿನ ಸ್ಟುಡಿಯೋಗಳ ಕೆಲಸ. ಮಾತೃಭಾಷೆ ಬಂಗಾಳಿಯಲ್ಲದ ಈ ಮನುಷ್ಯ ಮುಂದೆ ಬಂಗಾಳದ ಹಳ್ಳಿಮನೆ, ಜಮೀನ್ದಾರನ ಹಜಾರ, ಗುಮಾಸ್ತನ ಬಾಡಿಗೆಮನೆಗಳನ್ನು ಬಂಗಾಳಿಗಳೇ ತಮ್ಮದೆಂದು ಒಪ್ಪುವಂತೆ ಕಟ್ಟಿದರು. ಹೊರಗಿನಿಂದ ಬಂದವನಿಗೆ ಯಾವ ವಸ್ತುವೂ ಸಹಜವೆನಿಸುವುದಿಲ್ಲ, ಎಲ್ಲವನ್ನೂ ನೋಡಿಯೇ ಕಲಿಯಬೇಕಾಗುತ್ತದೆ. ಈ ಕಸುಬಿನಲ್ಲಿ ಅದು ದೊಡ್ಡ ಅನುಕೂಲ.

1947ರ ಅಕ್ಟೋಬರಿನಲ್ಲಿ ಕಲ್ಕತ್ತ ಫಿಲ್ಮ್ ಸೊಸೈಟಿ ಆರಂಭವಾಯಿತು. ಜಾಹೀರಾತು ಕಂಪನಿಯಲ್ಲಿ ಚಿತ್ರಕಾರರಾಗಿದ್ದ ಸತ್ಯಜಿತ್ ರಾಯ್, ಬರಹಗಾರ ಚಿದಾನಂದ ದಾಸ್‌ಗುಪ್ತ ಅದರ ಮುಂಚೂಣಿಯಲ್ಲಿದ್ದರು. ಬನ್ಸಿ ಆ ಬಳಗದಲ್ಲಿ ಸ್ಟುಡಿಯೋ ಒಳಗಿನ ಕಷ್ಟಸುಖ ಬಲ್ಲ ಕೆಲವೇ ಮಂದಿಯಲ್ಲಿ ಒಬ್ಬರು. ಐಸೆನ್‌ಸ್ಟೈನ್ ಚಿತ್ರ ನೋಡಿ ರಾತ್ರಿಯಿಡೀ ಚರ್ಚಿಸುವವರು ಹಲವರಿದ್ದರು. ಒಂದು ಗೋಡೆ ಎಬ್ಬಿಸಲು ಎಷ್ಟು ಹಲಗೆ, ಎಷ್ಟು ಗೋಣಿ, ಎಷ್ಟು ಪ್ಲಾಸ್ಟರ್ ಬೇಕೆಂದು ಹೇಳಬಲ್ಲವರು ಅಪರೂಪ.

ನಿಜವಾದ ಪಾಠ ಸಿಕ್ಕಿದ್ದು ಫ್ರೆಂಚ್ ನಿರ್ದೇಶಕ ಜ್ಯಾಂ ರನ್ವಾರ್ ಕಲ್ಕತ್ತಕ್ಕೆ ಬಂದಾಗ. 1951ರಲ್ಲಿ ತೆರೆಕಂಡ ‘ದಿ ರಿವರ್’ ಭಾರತದಲ್ಲಿ ತೆಗೆದ ಮೊದಲ ಟೆಕ್ನಿಕಲರ್ ಕಥಾಚಿತ್ರ. ಹೂಗ್ಲಿ ನದಿಯ ದಡದಲ್ಲಿ ನಡೆದ ಚಿತ್ರೀಕರಣಕ್ಕೆ ಯೂಜೀನ್ ಲೂರಿಯೆ ವಿನ್ಯಾಸಕರಾಗಿ ಬಂದಿದ್ದರು. ರನ್ವಾರ್ ಅವರ ‘ಲಾ ಗ್ರಾಂದ್ ಇಲ್ಯೂಸಿಯೋಂ’, ‘ಲಾ ರೆಗ್ಲ್ ದ್ಯು ಜ’ ಚಿತ್ರಗಳಿಗೆ ಸೆಟ್ಟು ಹಾಕಿದ್ದವರು ಅವರೇ. ಬನ್ಸಿ ಲೂರಿಯೆ ಅವರ ಕೈಕೆಳಗೆ ದುಡಿದರು. ರಾಯ್ ಬಿಡುವು ಸಿಕ್ಕಾಗಲೆಲ್ಲ ರನ್ವಾರ್ ಅವರ ಜೊತೆ ಸ್ಥಳ ಹುಡುಕಲು ಹೋದರು. ಸುಬ್ರತ ಮಿತ್ರ ಎಂಬ ಇಪ್ಪತ್ತರ ಆಸುಪಾಸಿನ ಹುಡುಗ ಬದಿಯಲ್ಲಿ ನಿಂತು ಬೆಳಕಿನ ಟಿಪ್ಪಣಿ ಬರೆದುಕೊಂಡ. ಭಾರತೀಯ ಸಿನಿಮಾವನ್ನು ಬದಲಿಸಲಿದ್ದ ಮೂವರು ಹೀಗೆ ಒಂದೇ ಚಿತ್ರೀಕರಣದ ಸುತ್ತ ಸೇರಿದ್ದರು.

ಲೂರಿಯೆ ಅವರಿಂದ ಬನ್ಸಿ ಕಲಿತದ್ದನ್ನು ಅವರ ಮುಂದಿನ ಕೆಲಸವೇ ತೋರಿಸುತ್ತದೆ. ಇರುವ ಮನೆಯನ್ನು ಬಳಸಬಹುದು, ಅದಕ್ಕೆ ಇಲ್ಲದ ಗೋಡೆಯನ್ನು ಸೇರಿಸಬಹುದು, ಸೇರಿಸಿದ್ದು ಯಾವುದು ಇದ್ದದ್ದು ಯಾವುದು ಎಂಬ ಗುರುತೇ ಸಿಗದಂತೆ ಮಾಡಬಹುದು. ಸ್ಟುಡಿಯೋ ಮತ್ತು ಹೊರಾಂಗಣ ಎಂಬ ಎರಡು ಕೇರಿಗಳ ನಡುವೆ ಗೋಡೆಯಿಲ್ಲ ಎನ್ನುವುದೇ ಆ ಪಾಠದ ತಿರುಳು.

‘ಪಥೇರ್ ಪಾಂಚಾಲಿ’ಯ ಮೊದಲ ಶಾಟ್ ತೆಗೆದದ್ದು 1952ರ ಅಕ್ಟೋಬರಿನಲ್ಲಿ, ಕಥೆಯ ಹುಡುಗ ಅಪು ಮತ್ತು ಅವನ ಅಕ್ಕ ದುರ್ಗಾ ರೈಲು ನೋಡಲು ಓಡುವ ಕಾಶ ಹುಲ್ಲಿನ ಬಯಲಿನಲ್ಲಿ. ಮುಂದಿನ ವಾರ ಚಿತ್ರತಂಡ ಅಲ್ಲಿಗೆ ಹೋದಾಗ ಬಯಲು ಬೋಳಾಗಿತ್ತು, ದನಗಳು ಹೂವನ್ನೆಲ್ಲ ಮೇಯ್ದಿದ್ದವು. ಆ ದೃಶ್ಯಕ್ಕಾಗಿ ಮತ್ತೆ ಹೂ ಬಿಡುವ ಕಾಲದವರೆಗೆ ಕಾಯಬೇಕಾಯಿತು. ನಿಜವಾದ ಸ್ಥಳದಲ್ಲಿ ಚಿತ್ರ ತೆಗೆಯುವುದರ ಸೊಗಸು ಮತ್ತು ಅಪಾಯ ಎರಡೂ ಈ ಪ್ರಸಂಗದಲ್ಲಿವೆ. ತಂಡದಲ್ಲಿ ಬಹುಪಾಲು ಎಲ್ಲರೂ ಹೊಸಬರು. ನಿರ್ದೇಶಕ ಹಿಂದೆ ಚಿತ್ರ ತೆಗೆದವರಲ್ಲ, ಛಾಯಾಗ್ರಾಹಕ ಮಿತ್ರ ಸಿನಿಮಾ ಕ್ಯಾಮೆರಾ ನಡೆಸಿದವರಲ್ಲ. ಕಸುಬಿನ ಅನುಭವ ಇದ್ದದ್ದು ಬನ್ಸಿ ಮತ್ತು ಸಂಕಲನಕಾರ ದುಲಾಲ್ ದತ್ತ ಅವರಿಗೆ.

ಅಪುವಿನ ತಂದೆ ಹರಿಹರನ ಮನೆಯಾಗಿ ಸಿಕ್ಕಿದ್ದು ಕಲ್ಕತ್ತದ ಅಂಚಿನ ಬೋರಾಲ್ ಎಂಬ ಹಳ್ಳಿಯ ಪಾಳುಮನೆ. ಅದನ್ನು ಹಾಗೇ ಬಳಸುವಂತಿರಲಿಲ್ಲ. ಬನ್ಸಿ ಅದನ್ನು ಕಥೆಗೆ ಬೇಕಾದಷ್ಟು ರಿಪೇರಿ ಮಾಡಿ, ಕಥೆಗೆ ಬೇಕಾದಷ್ಟು ಮುರುಕಲಾಗಿ ಉಳಿಸಿಕೊಂಡರು. ರಾತ್ರಿಯ ಒಳಾಂಗಣ ದೃಶ್ಯಗಳನ್ನು ಮಾತ್ರ ಸ್ಟುಡಿಯೋದಲ್ಲಿ ಕಟ್ಟಿದ ಸೆಟ್ಟಿನಲ್ಲಿ ತೆಗೆಯಲಾಯಿತು. ಹಗಲಿನ ನಿಜವಾದ ಅಂಗಳ ಮತ್ತು ರಾತ್ರಿಯ ಕಟ್ಟಿದ ಕೋಣೆ ಒಂದೇ ಮನೆಯದೆಂದು ನೋಡುವವನು ಅನುಮಾನವಿಲ್ಲದೆ ನಂಬುತ್ತಾನೆ. ಹಣವಿಲ್ಲದೆ ಚಿತ್ರೀಕರಣ ತಿಂಗಳುಗಟ್ಟಲೆ ನಿಂತು ಮತ್ತೆ ಶುರುವಾಗುತ್ತಿತ್ತು. ಆ ಕಾಲದಲ್ಲಿ ಅಪುವಿನ ದನಿ ಒಡೆಯದೆ, ದುರ್ಗಾ ಬೆಳೆಯದೆ, ಮುದುಕಿ ಇಂದಿರ್ ಠಾಕ್ರುಣ್ ಸಾಯದೆ ಉಳಿದದ್ದೇ ಪವಾಡವೆಂದು ರಾಯ್ ಹೇಳುತ್ತಿದ್ದರು. ಮನೆಯೂ ಹಾಗೇ ಉಳಿಯಬೇಕಿತ್ತು. ಅದು ಪವಾಡದಿಂದ ಉಳಿಯುವಂಥದ್ದಲ್ಲ, ಯಾರಾದರೂ ನಿಗಾ ಇಟ್ಟು ಉಳಿಸಿಕೊಳ್ಳಬೇಕಾದದ್ದು.

ಹಳೆಯದಾಗಿ ಕಾಣಿಸುವುದು ಕಲಾ ನಿರ್ದೇಶನದ ಅತಿ ಕಷ್ಟದ ಕೆಲಸ. ಹೊಸ ಹಲಗೆಗೆ ಕಪ್ಪು ಬಳಿದರೆ ಅದು ಹಳೆಯದಾಗುವುದಿಲ್ಲ, ಬರೀ ಕೊಳಕಾಗುತ್ತದೆ. ಬಡಗಿಗಳು ಮರದ ಮೈಯನ್ನು ಬೆಂಕಿಯಲ್ಲಿ ಸುಟ್ಟು, ತಂತಿ ಬ್ರಷ್ಷಿನಿಂದ ಉಜ್ಜಿ ಎಳೆ ಎಬ್ಬಿಸುತ್ತಾರೆ. ಕೈ ತಾಗುವ ಕಡೆ ಬಾಗಿಲು ನುಣುಪಾಗಬೇಕು, ಮಳೆ ಬಡಿಯುವ ಕಡೆ ಒರಟಾಗಬೇಕು. ದೀಪದ ಗೂಡಿನ ಮೇಲೆ ಮಸಿ, ನೀರಿನ ಕೊಡ ಇಡುವ ಮೂಲೆಯಲ್ಲಿ ಪಾಚಿ, ಜನ ಒರಗಿ ಕೂರುವ ಎತ್ತರದಲ್ಲಿ ಎಣ್ಣೆಯ ಕಲೆ. ಗೋಡೆಗೂ ಅದರ ಮುಂದೆ ಬಾಳಿದವರ ಅಭ್ಯಾಸ ಗೊತ್ತಿರಬೇಕು. ಪರದೆ ಬರೆಯುವ ಚಿತ್ರಕಾರನಿಗೆ ಇದು ಬೇಕಿರಲಿಲ್ಲ, ಲೆನ್ಸಿನ ಹತ್ತಿರಕ್ಕೆ ಬರುವ ಗೋಡೆ ಕಟ್ಟುವವನಿಗೆ ಇದಿಲ್ಲದೆ ನಡೆಯುವುದಿಲ್ಲ.

‘ಅಪರಾಜಿತೊ’ (1956) ಚಿತ್ರದ ಬನಾರಸ್ ಮನೆಯ ಪ್ರಸಂಗವನ್ನು ಸ್ವಲ್ಪ ವಿವರವಾಗಿಯೇ ಹೇಳಬೇಕು. ಕಾಶಿಯ ಹಳೆಯ ಮನೆಗಳ ನಡುವೆ ತೊಟ್ಟಿಯಂಥ ಅಂಗಳವಿರುತ್ತದೆ. ನಮ್ಮ ತೊಟ್ಟಿಮನೆಗಳಲ್ಲಿರುವಂತೆಯೇ ಅಲ್ಲಿಯೂ ಬೆಳಕು ಬರುವುದು ಮೇಲಿನ ಆಕಾಶದ ತುಂಡಿನಿಂದ. ಅದು ನೆರಳಿಲ್ಲದ ಬೆಳಕು. ಆ ಅಂಗಳವನ್ನು ಬಯಲಿನಲ್ಲೇ ಕಟ್ಟುವುದೆಂದು ಮೊದಲು ಯೋಚನೆಯಾಗಿತ್ತು. ಮಳೆಗಾಲದ ಭಯದಿಂದ ಬನ್ಸಿ ಅದನ್ನು ಕಲ್ಕತ್ತದ ಸ್ಟುಡಿಯೋದೊಳಗೆ ಕಟ್ಟುವುದಾಗಿ ತೀರ್ಮಾನಿಸಿದರು. ಸುಬ್ರತ ಮಿತ್ರ ಒಪ್ಪಲಿಲ್ಲ. ಸ್ಟುಡಿಯೋದ ದೀಪಗಳು ಎಲ್ಲ ದಿಕ್ಕಿನಿಂದಲೂ ನೆರಳು ಚೆಲ್ಲುತ್ತವೆ, ಆಕಾಶದ ಬೆಳಕನ್ನು ಅವುಗಳಿಂದ ತರಲಾಗದು ಎಂದು ವಾದಿಸಿದರು. ಬನ್ಸಿಯೂ ರಾಯ್ ಅವರೂ ಜಗ್ಗಲಿಲ್ಲ.

ವಾದದಲ್ಲಿ ಸೋತ ಮಿತ್ರ ಅಂಗಳದ ಮೇಲೆ, ಆಕಾಶ ಇರಬೇಕಾದ ಜಾಗದಲ್ಲಿ, ಚೌಕಟ್ಟಿಗೆ ಬಿಗಿದ ಬಿಳಿ ಬಟ್ಟೆ ಹರಡಿಸಿದರು. ದೀಪಗಳನ್ನು ಕೆಳಗಿಟ್ಟು ಅವುಗಳ ಬೆಳಕನ್ನು ಆ ಬಟ್ಟೆಗೆ ಹಾಯಿಸಿದರು. ಬೆಳಕು ಬಟ್ಟೆಗೆ ತಾಗಿ ಮೆತ್ತಗೆ ಕೆಳಗಿಳಿಯಿತು. ಬೌನ್ಸ್ ಲೈಟಿಂಗ್ ಎಂದು ಇಂದು ಸಿನಿಮಾದವರೆಲ್ಲ ಬಳಸುವ ವಿಧಾನ ಮಿತ್ರರ ಕೈಯಲ್ಲಿ ಹುಟ್ಟಿದ್ದು ಹೀಗೆ. ಅದರ ಕೀರ್ತಿ ಮಿತ್ರರಿಗೆ ಸಲ್ಲುತ್ತದೆ, ಸಲ್ಲಬೇಕಾದದ್ದೇ. ಆದರೆ ನಾಲ್ಕೂ ಕಡೆ ಗೋಡೆಯಿರುವ, ಕದ್ದು ದೀಪ ಇಡಲು ಜಾಗವಿಲ್ಲದ ಅಂಗಳವನ್ನು ಬನ್ಸಿ ಹಟದಿಂದ ಕಟ್ಟಿರದಿದ್ದರೆ ಆ ಉಪಾಯದ ಅಗತ್ಯವೇ ಬೀಳುತ್ತಿರಲಿಲ್ಲ. ಒಂದು ಗೋಡೆ ತೆಗೆದು ಸುಲಭ ಮಾಡಿಕೊಡುವುದು ಅಂದಿನ ಯಾವ ಸ್ಟುಡಿಯೋದಲ್ಲೂ ತಪ್ಪೆನಿಸುತ್ತಿರಲಿಲ್ಲ. 1957ರಲ್ಲಿ ಈ ಚಿತ್ರಕ್ಕೆ ವೆನಿಸ್‌ನ ಗೋಲ್ಡನ್ ಲಯನ್ ಬಂತು.

‘ಜಲ್ಸಾಘರ್’ (1958) ಬೇರೆ ಬಗೆಯ ಸವಾಲು. ತಾರಾಶಂಕರ ಬಂದ್ಯೋಪಾಧ್ಯಾಯರ ಕಥೆಯ ಜಮೀನ್ದಾರ ತನ್ನ ಕೊನೆಯ ಕಾಸನ್ನೂ ಸಂಗೀತದ ಬೈಠಕ್ಕಿಗೆ ಸುರಿಯುವವನು. ಹಲವು ಅರಮನೆಗಳನ್ನು ನೋಡಿ ಬೇಸತ್ತ ಮೇಲೆ ರಾಯ್ ಅವರಿಗೆ ಮುರ್ಷಿದಾಬಾದ್ ಜಿಲ್ಲೆಯ ನಿಮ್ತಿತಾದಲ್ಲಿ, ಪದ್ಮಾ ನದಿಯ ದಡದಲ್ಲಿ, ಚೌಧುರಿ ಮನೆತನದ ಅರಮನೆ ಸಿಕ್ಕಿತು. ಸುದ್ದಿ ತಿಳಿಸಿದಾಗ ಲೇಖಕರು ಬೆರಗಾದರು. ತಾವು ಎಂದೂ ಆ ಊರನ್ನು ನೋಡಿರದಿದ್ದರೂ ಅದೇ ಮನೆತನದ ಒಬ್ಬ ಜಮೀನ್ದಾರನನ್ನು ಮನಸ್ಸಿನಲ್ಲಿಟ್ಟುಕೊಂಡೇ ಕಥೆ ಬರೆದಿದ್ದರು. ಹೊರನೋಟಕ್ಕೆ ಆ ಅರಮನೆ ಹೇಳಿಮಾಡಿಸಿದಂತಿತ್ತು. ಚಿತ್ರದ ಹೆಸರಿಗೇ ಕಾರಣವಾದ ಸಂಗೀತದ ಹಜಾರ ಮಾತ್ರ ಕಥೆ ಬೇಡುವಷ್ಟು ಭವ್ಯವಾಗಿರಲಿಲ್ಲ. ಆ ಹಜಾರವನ್ನು ಬನ್ಸಿ ಸ್ಟುಡಿಯೋದಲ್ಲಿ ಕಟ್ಟಿದರು. ತೂಗುವ ಷಾಂಡ್ಲಿಯರ್, ಆಳೆತ್ತರದ ಕನ್ನಡಿ, ಪೂರ್ವಜರ ತೈಲಚಿತ್ರಗಳು ಇರುವ ಆ ಕೋಣೆಯಲ್ಲಿ ಜಮೀನ್ದಾರನ ಪಾತ್ರದ ಛಬಿ ಬಿಸ್ವಾಸ್ ಒಂಟಿಯಾಗಿ ಅಲೆಯುವಾಗ ವಸ್ತುಗಳೇ ಎದುರಾಳಿಗಳಂತೆ ನಿಲ್ಲುತ್ತವೆ. ಒಂದು ಕೋಣೆಯನ್ನು ಪಾತ್ರವೆನ್ನುವುದು ಸವೆದ ಮಾತು. ಈ ಒಂದು ಕೋಣೆಯ ಮಟ್ಟಿಗೆ ಅದನ್ನು ಬಳಸಬಹುದು.

‘ಕಾಂಚನಜಂಘಾ’ (1962) ಡಾರ್ಜಿಲಿಂಗಿನ ಬೀದಿಗಳಲ್ಲಿ ತೆಗೆದದ್ದಾದ್ದರಿಂದ ಅಲ್ಲಿ ಸೆಟ್ಟಿನ ಕೆಲಸ ಕಡಿಮೆ. ಮರುವರ್ಷದ ‘ಮಹಾನಗರ’ದಲ್ಲಿ ಅದಕ್ಕೆ ತದ್ವಿರುದ್ಧ. ಕೆಳಮಧ್ಯಮ ವರ್ಗದ ಕುಟುಂಬವೊಂದು ಇಕ್ಕಟ್ಟಿನ ಬಾಡಿಗೆಮನೆಯಲ್ಲಿದೆ. ಸ್ಟುಡಿಯೋದಲ್ಲಿ ಮನೆ ಕಟ್ಟುವಾಗ ಕೋಣೆಗಳನ್ನು ಅಗಲ ಮಾಡುವುದು ರೂಢಿ, ಕ್ಯಾಮೆರಾ ಟ್ರಾಲಿಗೂ ದೀಪಕ್ಕೂ ಜಾಗ ಬೇಕಲ್ಲ. ಹಾಗಾಗಿಯೇ ನಮ್ಮ ಎಷ್ಟೋ ಚಿತ್ರಗಳಲ್ಲಿ ಬಡವರ ಮನೆಯ ಅಡುಗೆಕೋಣೆಯಲ್ಲಿ ನೃತ್ಯ ಮಾಡುವಷ್ಟು ಸ್ಥಳ ಇರುತ್ತದೆ. ‘ಮಹಾನಗರ’ದ ಕೋಣೆಗಳು ಕಿರಿದಾಗಿಯೇ ಇವೆ. ಮಾವ, ಅತ್ತೆ, ಗಂಡ, ಹೆಂಡತಿ, ನಾದಿನಿ, ಮಗು ಒಬ್ಬರನ್ನೊಬ್ಬರು ತಪ್ಪಿಸಿಕೊಂಡು ಹೋಗಲಾಗದ ಆ ಇಕ್ಕಟ್ಟೇ ಸೊಸೆ ಕೆಲಸಕ್ಕೆ ಹೊರಡುವ ಕಥೆಯ ಒತ್ತಡ. ಯಾವ ಮಾತು ಯಾವ ಕೋಣೆಗೆ ಕೇಳಿಸುತ್ತದೆ ಎಂಬುದು ಈ ಮನೆಯ ನಕ್ಷೆಯಲ್ಲೇ ತೀರ್ಮಾನವಾಗಿದೆ.

‘ಚಾರುಲತಾ’ (1964) ಬನ್ಸಿಯವರ ಕೆಲಸದಲ್ಲಿ ಶಿಖರ. ರವೀಂದ್ರನಾಥರ ‘ನಷ್ಟನೀಡ’ವನ್ನು ಆಧರಿಸಿದ ಚಿತ್ರದ ಕಾಲ 1879–80ರ ಕಲ್ಕತ್ತ. ಭೂಪತಿ ಮನೆಯಲ್ಲೇ ಮುದ್ರಣಯಂತ್ರ ಇಟ್ಟುಕೊಂಡು ಇಂಗ್ಲಿಷ್ ಪತ್ರಿಕೆ ನಡೆಸುತ್ತಾನೆ, ಹೆಂಡತಿ ಚಾರು ಒಳಮನೆಯಲ್ಲಿ ಬೇಸರದಿಂದ ಕಾಲ ನೂಕುತ್ತಾಳೆ. ಮೊದಲ ಕೆಲವು ನಿಮಿಷಗಳಲ್ಲಿ ಬಹುತೇಕ ಮಾತಿಲ್ಲ. ಚಾರು ಪುಟ್ಟ ದುರ್ಬೀನು ಹಿಡಿದು ಒಂದು ಕಿಟಕಿಯಿಂದ ಇನ್ನೊಂದು ಕಿಟಕಿಗೆ ಓಡುತ್ತ, ಮರದ ಪಟ್ಟಿಗಳ ಸಂದಿನಿಂದ ಬೀದಿಯ ಜನರನ್ನು ನೋಡುತ್ತಾಳೆ. ಆಮೇಲೆ ಪುಸ್ತಕದಲ್ಲಿ ಮುಳುಗಿದ ಗಂಡ ಅವಳನ್ನು ಗಮನಿಸದೆಯೇ ಪಕ್ಕದಿಂದ ಹಾದುಹೋಗುತ್ತಾನೆ. ಅವಳು ಅದೇ ದುರ್ಬೀನಿನಲ್ಲಿ ಅವನ ಬೆನ್ನನ್ನು ನೋಡುತ್ತಾಳೆ.

ಈ ದೃಶ್ಯವನ್ನು ರಾಯ್ ಅವರ ನಿರ್ದೇಶನಕ್ಕೂ ಮಾಧವಿ ಮುಖರ್ಜಿಯವರ ನಟನೆಗೂ ಉದಾಹರಣೆಯಾಗಿ ಎಲ್ಲರೂ ಹೇಳುತ್ತಾರೆ. ಕಿಟಕಿಗಳು ಯಾವ ಕ್ರಮದಲ್ಲಿವೆ, ಮೊಗಸಾಲೆ ಎಷ್ಟು ಉದ್ದ, ಕೋಣೆಯ ಬಾಗಿಲು ಯಾವ ಕಡೆ ತೆರೆಯುತ್ತದೆ ಎಂಬುದನ್ನು ಮೊದಲೇ ಲೆಕ್ಕ ಹಾಕಿ ಕಟ್ಟದಿದ್ದರೆ ಆ ದೃಶ್ಯ ಕಾಗದದಲ್ಲೇ ಉಳಿಯುತ್ತಿತ್ತು. ಗಂಡ ನಡೆದುಹೋಗುವ ದೂರವೇ ಅವರಿಬ್ಬರ ನಡುವಿನ ದೂರ. ಅದನ್ನು ಅಡಿಗಳಲ್ಲಿ ಅಳೆದು ಕಟ್ಟಿದವರು ಬನ್ಸಿ. ಒಳಮನೆಯ ವಾಲ್‌ಪೇಪರು, ವಿಕ್ಟೋರಿಯಾ ಕಾಲದ ಪೀಠೋಪಕರಣ, ಪಿಯಾನೋ ಎಲ್ಲವೂ ಕಾಲಕ್ಕೆ ಒಪ್ಪುವಂತಿವೆ. ಇಂಥ ವಿವರ ಸಂಗ್ರಹಿಸುವುದು ಶ್ರಮದ ಕೆಲಸ, ಆದರೆ ಶ್ರಮಪಟ್ಟರೆ ಯಾರಾದರೂ ಮಾಡಬಹುದು. ಉದ್ದವನ್ನು ತೀರ್ಮಾನಿಸುವುದು ಹಾಗಲ್ಲ.

ರಾಯ್ ಜೊತೆಗಿನ ದುಡಿಮೆಯ ರೀತಿಯೂ ವಿಶೇಷವೇ. ರಾಯ್ ಸ್ವತಃ ಚಿತ್ರಕಾರರು, ಶಾಂತಿನಿಕೇತನದಲ್ಲಿ ಕಲಿತವರು. ಕೆಂಪು ಬಟ್ಟೆಯ ಹೊದಿಕೆಯ ‘ಖೇರೊ ಖಾತಾ’ ಎಂಬ ಲೆಕ್ಕದ ಪುಸ್ತಕಗಳಲ್ಲಿ ಚಿತ್ರಕಥೆಯ ಜೊತೆಗೆ ಸೆಟ್ಟು, ವಸ್ತ್ರ, ವಸ್ತುಗಳ ರೇಖಾಚಿತ್ರಗಳನ್ನೂ ಬರೆಯುತ್ತಿದ್ದರು. ಹಾಗಾದರೆ ಬನ್ಸಿಗೆ ಉಳಿದದ್ದೇನು ಎಂದು ಕೇಳುವವರಿದ್ದಾರೆ. ಕಾಗದದ ಮೇಲಿನ ಗೆರೆಗೆ ದಪ್ಪವಿಲ್ಲ, ತೂಕವಿಲ್ಲ, ಖರ್ಚಿಲ್ಲ. ಅದನ್ನು ನಕ್ಷೆಗೆ ಇಳಿಸಿ, ಯಾವ ಲೆನ್ಸಿಗೆ ಎಷ್ಟು ಕಾಣುತ್ತದೆಂದು ಅಳೆದು, ಯಾವ ಗೋಡೆ ಕಳಚುವಂತಿರಬೇಕು ಯಾವುದು ಗಟ್ಟಿಯಿರಬೇಕು ಎಂದು ಗೊತ್ತುಮಾಡಿ, ಬಡಗಿಗೂ ಗಾರೆಯವನಿಗೂ ಬಣ್ಣದವನಿಗೂ ಕೆಲಸ ಹಂಚಿ, ಚಿತ್ರೀಕರಣದ ಬೆಳಗಿಗೆ ಮುಗಿಸಿಕೊಡುವುದೇ ಈ ವೃತ್ತಿ. ರಾಯ್ ಚಿತ್ರಗಳ ಬಜೆಟ್ಟು ಚಿಕ್ಕದಿದ್ದುದರಿಂದ ಕಾಣದ ಒಂದು ಇಂಚನ್ನೂ ಕಟ್ಟುವಂತಿರಲಿಲ್ಲ.

‘ನಾಯಕ್’ (1966) ಚಿತ್ರದ ಬಹುಭಾಗ ಕಲ್ಕತ್ತದಿಂದ ದೆಹಲಿಗೆ ಹೋಗುವ ರೈಲಿನೊಳಗೆ ನಡೆಯುತ್ತದೆ. ಪ್ರಯಾಣಿಕರ ಬೋಗಿಯೂ ಊಟದ ಬೋಗಿಯೂ ಸ್ಟುಡಿಯೋದಲ್ಲಿ ಕಟ್ಟಿದವು, ಕಿಟಕಿಯಾಚೆ ಓಡುವ ಬಯಲು ಬ್ಯಾಕ್ ಪ್ರೊಜೆಕ್ಷನ್, ಅಂದರೆ ಹಿಂದಿನ ಪರದೆಯ ಮೇಲೆ ಮೂಡಿಸಿದ ಚಿತ್ರ. ‘ಗೂಪಿ ಗಾಯೇನ್ ಬಾಘಾ ಬಾಯೇನ್’ (1969) ಚಿತ್ರದಲ್ಲಿ ಮಾತ್ರ ಅವರಿಗೆ ಕಲ್ಪನೆಯನ್ನು ಹರಿಯಬಿಡುವ ಅವಕಾಶ ಸಿಕ್ಕಿತು. ರಾಜಸ್ಥಾನದ ಕೋಟೆಗಳ ಹೊರನೋಟಕ್ಕೆ ಹೊಂದುವಂತೆ ಶುಂಡಿ ಮತ್ತು ಹಲ್ಲಾ ಎಂಬ ಎರಡು ರಾಜ್ಯಗಳ ದರ್ಬಾರುಗಳನ್ನು ಒಳಾಂಗಣದಲ್ಲಿ ಕಟ್ಟಬೇಕಿತ್ತು. ಒಂದು ಶಾಂತಿಯ ರಾಜ್ಯ, ಇನ್ನೊಂದು ಯುದ್ಧದ ರಾಜ್ಯ. ಮಕ್ಕಳಿಗೂ ಮೊದಲ ನೋಟಕ್ಕೇ ವ್ಯತ್ಯಾಸ ತಿಳಿಯುತ್ತದೆ.

ಇದೇ ಅವಧಿಯಲ್ಲಿ ಮುಂಬೈಯ ದಾರಿ ಬೇರೆಯಾಗಿತ್ತು. ಎಂ.ಆರ್. ಆಚ್ರೇಕರ್ ‘ಆವಾರಾ’ದ (1951) ಕನಸಿನ ಹಾಡಿಗೆ ಮೋಡ ಮೆಟ್ಟಿಲುಗಳ ಲೋಕವನ್ನೇ ನಿಲ್ಲಿಸಿದ್ದರು. ‘ಮುಘಲ್-ಎ-ಆಜಂ’ (1960) ಚಿತ್ರಕ್ಕೆ ಎಂ.ಕೆ. ಸೈಯದ್ ಕಟ್ಟಿದ ಶೀಶ್ ಮಹಲ್ ನೋಡಲೆಂದೇ ಜನ ಟಿಕೆಟ್ ಕೊಂಡರು. ನೋಡುಗ ಬಾಯಿ ತೆರೆದು ನೋಡಬೇಕಾದ ಸೆಟ್ಟು ಅದು, ತನ್ನ ಜಾತಿಯಲ್ಲಿ ಶ್ರೇಷ್ಠ. ಬನ್ಸಿಯವರ ಸೆಟ್ಟನ್ನು ನೋಡಿ ಯಾರೂ ಬೆರಗಾಗುವುದಿಲ್ಲ, ಅದು ಸೆಟ್ಟೆಂದು ಗೊತ್ತಾಗುವುದೇ ಚಿತ್ರದ ಬಗ್ಗೆ ಓದಿದ ಮೇಲೆ.

ರಾಯ್ ಹೊರತಾಗಿ ಮೃಣಾಲ್ ಸೇನರ ‘ಬೈಶೇ ಶ್ರಾವಣ’ (1960), ‘ಆಕಾಶ್ ಕುಸುಂ’ (1965) ಮೊದಲಾದವೂ ಬನ್ಸಿಯವರ ಕೈಯಲ್ಲಿ ರೂಪುಗೊಂಡವು. 1970ರ ಸುಮಾರಿಗೆ ಅವರು ಮುಂಬೈಗೆ ನೆಲೆ ಬದಲಿಸಿದರು. ಬಂಗಾಳಿ ಚಿತ್ರರಂಗದ ಸಂಬಳದಲ್ಲಿ ಬದುಕುವುದು ಯಾರಿಗೂ ಸುಲಭವಿರಲಿಲ್ಲ. ರಾಯ್ ಚಿತ್ರಗಳ ಕಲಾ ನಿರ್ದೇಶನ ಅಶೋಕ್ ಬೋಸ್ ಅವರ ಕೈಗೆ ಹೋಯಿತು. ಮುಂಬೈಯಲ್ಲಿ ಬನ್ಸಿ ಎರಡು ಬಗೆಯ ಕೆಲಸ ಮಾಡಿದರು. ಒಂದು ಕಡೆ ‘ಸೀಮಾ’, ‘ದೋ ಝೂಟ್’ನಂಥ ಮಾಮೂಲು ಹಿಂದಿ ಚಿತ್ರಗಳು. ಇನ್ನೊಂದು ಕಡೆ ಹೊಸ ಅಲೆಯ ನಿರ್ದೇಶಕರು. ಕುಮಾರ್ ಶಹಾನಿಯವರ ‘ಮಾಯಾದರ್ಪಣ್’ (1972) ಚಿತ್ರದ ಹಳೆಯ ಹವೇಲಿ, ಅವತಾರ್ ಕೃಷ್ಣ ಕೌಲ್ ಅವರ ‘27 ಡೌನ್’ (1974) ಎಂಬ ರೈಲಿನ ಚಿತ್ರ ಈ ಎರಡನೆಯ ಬಗೆಯವು.

ಕನ್ನಡದಲ್ಲಿಯೂ ಆಗ ಇಂಥದೇ ಹೊರಳು ನಡೆಯಿತು, ಆದರೆ ಬೇರೆ ಹಾದಿಯಿಂದ. ‘ಸಂಸ್ಕಾರ’ಕ್ಕೆ (1970) ಕಲಾ ನಿರ್ದೇಶನ ಮಾಡಿದವರು ಚಿತ್ರಕಾರ ಎಸ್.ಜಿ. ವಾಸುದೇವ್. ಜಿ.ವಿ. ಅಯ್ಯರ್ ಅವರ ‘ಹಂಸಗೀತೆ’ಯಿಂದ (1975) ಸಿನಿಮಾಕ್ಕೆ ಬಂದ ಪಿ. ಕೃಷ್ಣಮೂರ್ತಿ ಮುಂದೆ ‘ಮಧ್ವಾಚಾರ್ಯ’ಕ್ಕೆ ರಾಷ್ಟ್ರಪ್ರಶಸ್ತಿ ಪಡೆದರು. ಗಿರೀಶ್ ಕಾಸರವಳ್ಳಿಯವರ ‘ತಾಯಿ ಸಾಹೇಬ’ಕ್ಕೆ (1997) ರಮೇಶ್ ದೇಸಾಯಿ ಅವರಿಗೂ ಅದೇ ಪ್ರಶಸ್ತಿ ಬಂತು. ಬನ್ಸಿಯವರಿಗೂ ಕನ್ನಡದವರಿಗೂ ನೇರ ನಂಟು ಬೆಳೆದದ್ದು ‘ಕಲಿಯುಗ್’ (1981) ಚಿತ್ರದಲ್ಲಿ. ಮಹಾಭಾರತವನ್ನು ಮುಂಬೈಯ ಉದ್ಯಮಿ ಕುಟುಂಬಗಳ ಕಲಹವಾಗಿ ಹೇಳುವ ಈ ಚಿತ್ರದ ಚಿತ್ರಕಥೆಯಲ್ಲಿ ಬೆನಗಲ್ ಜೊತೆ ಗಿರೀಶ್ ಕಾರ್ನಾಡರ ಪಾಲಿತ್ತು, ಅನಂತ್ ನಾಗ್ ಅರ್ಜುನನಿಗೆ ಸಮನಾದ ಪಾತ್ರದಲ್ಲಿದ್ದರು. ಕೌರವ ಪಾಂಡವರ ಬಂಗಲೆಗಳ ಕೋಣೆಗಳನ್ನು ಬನ್ಸಿ ಕಟ್ಟಿದರು.

ರಾಯ್ ತಮ್ಮ ಮೊದಲ ಹಿಂದಿ ಕಥಾಚಿತ್ರ ‘ಶತರಂಜ್ ಕೇ ಖಿಲಾಡಿ’ಗೆ (1977) ಮತ್ತೆ ಬನ್ಸಿಯವರನ್ನೇ ಕರೆದರು. 1856ರ ಲಖನೌ, ವಾಜಿದ್ ಅಲಿ ಷಾನ ಆಸ್ಥಾನ, ಬ್ರಿಟಿಷ್ ರೆಸಿಡೆಂಟನ ಕಚೇರಿ, ಚದುರಂಗದ ಹುಚ್ಚಿನ ಇಬ್ಬರು ನವಾಬರ ದಿವಾನಖಾನೆ, ಎಲ್ಲವೂ ಬಣ್ಣದಲ್ಲಿ. ಕಪ್ಪುಬಿಳುಪಿನಲ್ಲಿ ಗೋಡೆಯ ಬಣ್ಣ ಬೂದುಛಾಯೆಯ ಲೆಕ್ಕವಷ್ಟೇ, ಬಣ್ಣದ ಚಿತ್ರದಲ್ಲಿ ಪ್ರತಿ ದಿಂಬೂ ತನ್ನ ಕಡೆಗೆ ಕಣ್ಣೆಳೆಯುತ್ತದೆ. ಸುಮಾರು ಕಾಲು ಶತಮಾನದ ಹಿಂದೆ ‘ದಿ ರಿವರ್’ ಚಿತ್ರದಲ್ಲಿ ಬಣ್ಣದ ಶಿಸ್ತನ್ನು ಹತ್ತಿರದಿಂದ ಕಂಡಿದ್ದವರಿಗೆ ಇಲ್ಲಿ ಅದು ಕೈಗೆ ಬಂತು.

ಕೊನೆಯ ವರ್ಷಗಳ ಎರಡು ಕೆಲಸಗಳು ಅಕ್ಕಪಕ್ಕದಲ್ಲಿಟ್ಟು ನೋಡುವಂಥವು. ‘36 ಚೌರಂಗಿ ಲೇನ್’ (1981) ಅಪರ್ಣಾ ಸೇನ್ ಅವರ ಮೊದಲ ನಿರ್ದೇಶನ. ಅಪರ್ಣಾ ಬನ್ಸಿಯವರ ಫಿಲ್ಮ್ ಸೊಸೈಟಿಯ ಗೆಳೆಯ ಚಿದಾನಂದ ದಾಸ್‌ಗುಪ್ತರ ಮಗಳು, ರಾಯ್ ಅವರ ‘ತೀನ್ ಕನ್ಯಾ’ದಲ್ಲಿ ಬಾಲೆಯಾಗಿ ಬನ್ಸಿಯವರ ಸೆಟ್ಟಿನಲ್ಲೇ ನಟಿಸಿದವರು. ಆಂಗ್ಲೋ ಇಂಡಿಯನ್ ಮುದಿ ಉಪಾಧ್ಯಾಯಿನಿ ವಯೊಲೆಟ್ ಸ್ಟೋನ್‌ಹ್ಯಾಮಳ ಫ್ಲ್ಯಾಟು ಹಳೆಯ ಫೋಟೋ, ಬೀರು, ಬಟ್ಟೆ, ಗ್ರಾಮಫೋನುಗಳಿಂದ ಕಿಕ್ಕಿರಿದಿದೆ. ಒಂದು ಜನಾಂಗ ದೇಶ ಬಿಟ್ಟುಹೋಗುವಾಗ ಉಳಿಸಿಹೋದ ಸಾಮಾನಿನಂತೆ ಅದು ಕಾಣುತ್ತದೆ. ರಬೀಂದ್ರ ಧರ್ಮರಾಜ್ ಅವರ ‘ಚಕ್ರ’ದಲ್ಲಿ (1981) ಮುಂಬೈಯ ಜೋಪಡಿಗಳಿವೆ. ತಗಡು, ಗೋಣಿ, ಪ್ಲಾಸ್ಟಿಕ್ ಹಾಳೆಗಳ ಆ ಓಣಿಯಲ್ಲಿ ಸ್ಮಿತಾ ಪಾಟೀಲ್ ಸೆಟ್ಟಿನಲ್ಲಿ ನಟಿಸುತ್ತಿದ್ದಾರೆ ಎಂದು ಹೇಳಿದರೂ ನಂಬುವುದು ಕಷ್ಟ. ಒಂದು ಕಡೆ ವಸ್ತುಗಳ ಅತಿಭಾರ, ಇನ್ನೊಂದು ಕಡೆ ವಸ್ತುಗಳೇ ಇಲ್ಲದ ಬದುಕು.

ಪ್ರಶಸ್ತಿಗಳ ವಿಷಯದಲ್ಲಿ ಲೋಕ ಬನ್ಸಿಯವರಿಗೆ ವಿಚಿತ್ರ ನ್ಯಾಯ ಕೊಟ್ಟಿತು. ರಾಯ್ ಜೊತೆಗಿನ ದೊಡ್ಡ ಕೆಲಸಗಳ ಕಾಲದಲ್ಲಿ ಕಲಾ ನಿರ್ದೇಶನಕ್ಕೆ ರಾಷ್ಟ್ರಪ್ರಶಸ್ತಿಯೇ ಇರಲಿಲ್ಲ, ಅದು ಆರಂಭವಾದದ್ದು 1970ರ ದಶಕದ ಕೊನೆಗೆ. ಅವರಿಗೆ ಮೂರು ಫಿಲ್ಮ್‌ಫೇರ್ ಪ್ರಶಸ್ತಿಗಳು ಬಂದವು. ‘ಜಲ್ಸಾಘರ್’ಗೂ ಅಲ್ಲ, ‘ಚಾರುಲತಾ’ಕ್ಕೂ ಅಲ್ಲ. ಎರಡು ಬಂದದ್ದು ಇಂದು ಯಾರಿಗೂ ಅಷ್ಟಾಗಿ ನೆನಪಿಲ್ಲದ ‘ಸೀಮಾ’ ಮತ್ತು ‘ದೋ ಝೂಟ್’ಗೆ. ಮೂರನೆಯದು ‘ಚಕ್ರ’ಕ್ಕೆ, 1982ರಲ್ಲಿ.

ಆ ಪ್ರಶಸ್ತಿ ತೆಗೆದುಕೊಳ್ಳಲು ಅವರಿರಲಿಲ್ಲ. 1981ರ ಜೂನ್ 27ರಂದು ಅಮೆರಿಕದ ನ್ಯೂಯಾರ್ಕ್ ರಾಜ್ಯದ ಬ್ರೂಕ್‌ಹೇವನ್‌ನಲ್ಲಿ ಬನ್ಸಿ ಚಂದ್ರಗುಪ್ತ ತೀರಿಕೊಂಡರು. ಆಗ ಅವರಿಗೆ 57 ವರ್ಷ. ಅವರು ಕಲಾ ನಿರ್ದೇಶನ ಮಾಡಿದ ಕುಮಾರ್ ಶಹಾನಿಯವರ ‘ತರಂಗ್’ ಹೊರಬಂದದ್ದು 1984ರಲ್ಲಿ, ಅವರು ಹೋಗಿ ಮೂರು ವರ್ಷಗಳಾದ ಮೇಲೆ.